ಪಾದ್ರಿ ಇಲ್ಲದ ಊರಿನ ಪಾದ್ರಿ

ಎಪ್ಪಿಂಗ್, ಸಿಡ್ನಿ
೪ ಆಗಸ್ಟ್ ೨೦೨೪

ಚಿ. ಅಪೊಲೊನಿಯಾಗೆ ಆಶೀರ್ವಾದಗಳು.

ಆಸ್ಟ್ರೇಲಿಯಾ ಖಂಡದ ಸಮಸ್ತ ಕನ್ನಡ ಜನತೆಗೆ ಈ ಮೂಲಕ ಘೋಷಿಸುವುದೇನೆಂದರೆ: ಇಂದು ಬೆಳಿಗ್ಗೆ, ಎರಡನೆಯ ಕಾಫಿ ಮುಗಿದ ಮೇಲೆ, ಪೂರ್ಣ ಪ್ರಜ್ಞೆಯಿಂದ, ಯಾರ ಒತ್ತಾಯಕ್ಕೂ ಮಣಿಯದೆ, ನಾನು ನನ್ನ ಮೀಸೆಯನ್ನು ತೆಗೆದಿದ್ದೇನೆ. ಮೈಸೂರಿನ ಮೆಡಿಕಲ್ ಕಾಲೇಜಿನಲ್ಲಿ ಚಿಗುರಿ, ಸಿಡ್ನಿಯ ಆಪರೇಷನ್ ಥಿಯೇಟರುಗಳಲ್ಲಿ ಮೂವತ್ತು ವರ್ಷ ಮಾಸ್ಕಿನ ಹಿಂದೆ ಅಜ್ಞಾತವಾಸ ಮಾಡಿದ ಮೀಸೆ ಅದು. ರೋಗಿಗಳಿಗೆ ಅರಿವಳಿಕೆ ಕೊಟ್ಟ ಈ ಕೈಗಳೇ ಅದಕ್ಕೂ ಮುಕ್ತಿ ಕೊಟ್ಟವು. ಅಂತಿಮ ದರ್ಶನಕ್ಕೆ ಬಂದ ಅನುಸೂಯ, "ಒಳ್ಳೇ ಸಿಪ್ಪೆ ಸುಲಿದ ಆಲೂಗಡ್ಡೆ ಥರ ಕಾಣ್ತಿದ್ದೀರಿ ಕಣ್ರೀ" ಎಂದು ಹೇಳಿ ಟವೆಲ್ ಒಗೆಯಲು ಹಾಕಿದಳು. ರಾಷ್ಟ್ರೀಯ ಶೋಕಾಚರಣೆ ಅಷ್ಟಕ್ಕೇ ಮುಗಿಯಿತು.

ಈ ತ್ಯಾಗಕ್ಕೆ ಕಾರಣಳು ನೀನು. ಹೋದ ವಾರ ಫೋನಿನಲ್ಲಿ ಹೇಳಿದೆಯಲ್ಲ, ನೀನು ಕೆಲಸ ಮಾಡುವ ವೆರಿಬೀಯ ವೃದ್ಧಾಶ್ರಮದಲ್ಲಿ ಅಲ್ಬೇನಿಯಾದ ಒಬ್ಬ ಮುದುಕರಿದ್ದಾರೆ, ಪಾದ್ರಿಗಳನ್ನೆಲ್ಲ ಜೈಲಿಗೆ ಹಾಕಿದ ಸರ್ಕಾರದ ನಾಟಕ ಕಂಪನಿಯಲ್ಲಿ ಸಂಬಳ ತಗೊಂಡು ಪಾದ್ರಿಯ ಪಾತ್ರ ಮಾಡ್ತಿದ್ದರಂತೆ ಅಂತ. ಅಲ್ಲ ಕಣಮ್ಮ, ಇಂಥ ರತ್ನವನ್ನು ಯಾರಾದರೂ "ಇವತ್ತು ಬಂಗುಡೆ ಸಾರು ಮಾಡಿದೆ" ಎನ್ನುವ ಸುದ್ದಿಯ ಬಾಲಕ್ಕೆ ಕಟ್ಟಿ ಕಳಿಸುತ್ತಾರೆಯೇ? ನಾನು ಫೋನಿಟ್ಟವನೇ ಕೂತು ಪ್ರಹಸನ ಬರೆದು ಮುಗಿಸಿದೆ. ಹೆಸರು 'ಪಾದ್ರಿ ಇಲ್ಲದ ಊರಿನ ಪಾದ್ರಿ'. ಮುಖ್ಯ ಪಾತ್ರ ನನ್ನದು. ನಮ್ಮ ಸಂಘದ ಗಣೇಶನ ಹಬ್ಬಕ್ಕೆ ಪೆಂಡಲ್ ಹಿಲ್ ಹಾಲಿನಲ್ಲಿ ಪ್ರದರ್ಶನ. ನೀನು ಇಲ್ಲೇ ಪೆಂಡಲ್ ಹಿಲ್‌ನಲ್ಲಿ ಇದ್ದಿದ್ದರೆ ಒಂದು ಒಳ್ಳೇ ಪಾತ್ರ ಕೊಡುತ್ತಿದ್ದೆ. ಮನೆ ಅಗ್ಗ ಅಂತ ಮೆಲ್ಬೋರ್ನಿಗೆ ಓಡಿಹೋಗಿ, ಗ್ಲಿಸರಿನ್ ಇಲ್ಲದೆ ಅಳುವ ಸಂಘದ ಏಕೈಕ ನಟಿಯನ್ನು ನಮ್ಮಿಂದ ಕಸಿದೆ. ಹಾಳಾಗಿ ಹೋಗಲಿ.

ಆ ಮಹಾಶಯನ ವಿಚಾರ ಇನ್ನಷ್ಟು ಬರೆದು ಕಳಿಸು. ಪತ್ರದಲ್ಲೇ ಬರೆ. ಫೋನಿನಲ್ಲಾದರೆ ನಾನು ಬಾಯಿ ಬಿಡುವ ಮೊದಲೇ ನೀನು ನಗುತ್ತೀ, ಕೆಲಸದ ಮಾತು ಆಗುವುದಿಲ್ಲ.

ಇತಿ,
ಬೋಳುಮೂತಿಯ ವೆಂಕಟರಾಮ


ವೆರಿಬೀ, ಮೆಲ್ಬೋರ್ನ್
೧೮ ಆಗಸ್ಟ್ ೨೦೨೪

ವೆಂಕಟರಾಮ ಅಂಕಲ್‌ಗೆ ನಮಸ್ಕಾರ.

ನಿಮ್ಮ ಮೀಸೆಗೆ ಶಾಂತಿ ಸಿಗಲಿ. ಪತ್ರವನ್ನು ನಾನು ಕಮಿಲ್ಲಸ್‌ಗೆ ಓದಿ ಹೇಳಿದೆ. ಅವರು ನಕ್ಕು ನಕ್ಕು ಬಸ್ ಡಿಪೋಗೆ ಲೇಟಾಗಿ ಹೋದರು. ನಮ್ಮವರಿಗೆ ನಿಮ್ಮ ತಮಾಷೆ ಅಂದರೆ ಅಷ್ಟು ಇಷ್ಟ ಮಾರಾಯ್ರೆ.

ನೀವು ಕೇಳಿದ ಆ ಮುದುಕರ ಹೆಸರು ಝೆಫ್. ನಮ್ಮಲ್ಲಿ ಜೋಸೆಫ್ ಅನ್ನುವುದನ್ನೇ ಅಲ್ಲಿ ಹಾಗೆ ಹೇಳುವುದಂತೆ. ಎಂಬತ್ತನಾಲ್ಕು ವರ್ಷ. ಊರು ಶ್ಕೋದ್ರ, ಅಲ್ಬೇನಿಯಾದಲ್ಲಿ ಕ್ಯಾಥೊಲಿಕರು ಹೆಚ್ಚಿರುವ ಊರು. ಚಿಕ್ಕಪ್ಪ ಪಾದ್ರಿ, ಜೈಲಿನಲ್ಲಿದ್ದವರು. ಮನೆಯಲ್ಲಿ ಅಂಥವರು ಒಬ್ಬರಿದ್ದರೆ ಇಡೀ ಕುಟುಂಬದ ಚರಿತ್ರೆಯೇ ಕೆಟ್ಟದ್ದು ಅಂತ ಸರ್ಕಾರ ಬರೆದುಕೊಳ್ಳುತ್ತಿತ್ತಂತೆ. ಹಾಗಾಗಿ ಇವರಿಗೆ ಹೀರೋ ಪಾತ್ರ ಯಾವತ್ತೂ ಇಲ್ಲ. ಹೀರೋ ಅಂದರೆ ಕಮ್ಯುನಿಸ್ಟ್ ಪಕ್ಷದವ, ಒಳ್ಳೇ ಮನೆಯವನೇ ಆಗಬೇಕು. ಇವರು ಜರ್ಮನ್ ಆಫೀಸರ್, ಗೂಢಚಾರ, ಜಮೀನ್ದಾರ, ಕೊನೆಗೆ ಪಾದ್ರಿ. "ಇಪ್ಪತ್ತು ಸಲ ಗುಂಡೇಟು ತಿಂದು ಸತ್ತಿದ್ದೇನೆ, ಪ್ರತಿ ಸಲವೂ ಚಪ್ಪಾಳೆ" ಅಂತ ಹೇಳ್ತಾರೆ. ಮಾರ್ಕೆಟ್ಟಿನಲ್ಲಿ ಕ್ಯೂ ನಿಂತರೆ ತರಕಾರಿಯವಳು ಅವರ ಸರದಿ ಬಂದಾಗ "ಪಾದ್ರಿಗೆ ಈರುಳ್ಳಿ ಇಲ್ಲ" ಅಂತಿದ್ದಳಂತೆ. ನಟರಾದರೂ ವರ್ಷಕ್ಕೊಮ್ಮೆ ಒಂದು ತಿಂಗಳು ಗುಡ್ಡದಲ್ಲಿ ಮಣ್ಣು ಹೊರಲೇಬೇಕು. ಅಲ್ಲಿ ಹೀರೋಗೂ ವಿಲನ್‌ಗೂ ಒಂದೇ ಗುದ್ದಲಿ.

ಅರುವತ್ತೇಳರಲ್ಲಿ ಚರ್ಚು, ಮಸೀದಿ ಎಲ್ಲ ಮುಚ್ಚಿಸಿದರು. ಶಿಲುಬೆ ಗುರುತು ಹಾಕಿದರೂ ತಪ್ಪು. ಆಗ ಇವರ ಕಂಪನಿಗೆ ಒಂದು ನಾಟಕ ಬಂತು, ಪಾದ್ರಿಯನ್ನು ಹೀಯಾಳಿಸುವ ನಾಟಕ. ಡೈರೆಕ್ಟರ್ ಹೇಳಿದರಂತೆ, "ಎಲ್ಲಾ ಸರಿಯಾಗಿ ಮಾಡಿ ತೋರಿಸಿದರೆ ಮಾತ್ರ ಜನ ನಗುತ್ತಾರೆ" ಅಂತ. ಝೆಫ್ ಚಿಕ್ಕಂದಿನಲ್ಲಿ ಪೂಜೆಗೆ ಸಹಾಯ ಮಾಡುತ್ತಿದ್ದವರು, ಲ್ಯಾಟಿನ್ ಎಲ್ಲ ಬಾಯಿಪಾಠ. ನಾಟಕ ಭಾರೀ ಹಿಟ್. ತಮಾಷೆ ಎಂತದು ಗೊತ್ತುಂಟಾ? ಪ್ರತಿ ಶೋಗೂ ಮುಂದಿನ ಸಾಲಿನಲ್ಲಿ ಅದೇ ಮುದುಕಿಯರು, ಕಪ್ಪು ಶಾಲು ಹೊದ್ದುಕೊಂಡು. ಪಕ್ಷದ ಕಮಿಟಿಯವರಿಗೆ ಖುಷಿಯೋ ಖುಷಿ, ಮುದುಕಿಯರಿಗೂ ಜಾಗೃತಿ ಬಂತು ಅಂತ. ಕಂಪನಿಗೆ ಒಂದು ಕೆಂಪು ಬಾವುಟವನ್ನೇ ಬಹುಮಾನ ಕೊಟ್ಟರಂತೆ!

ಇದನ್ನೆಲ್ಲ ಹೇಳಿ ಅವರು ನಗ್ತಾರೆ. ಆದರೆ "ನೀವು ಆ ಪಾತ್ರ ಬಿಟ್ಟದ್ದು ಯಾಕೆ?" ಅಂತ ಕೇಳಿದರೆ ಟೀವಿ ಕಡೆ ತಿರುಗುತ್ತಾರೆ.

ಅಂಕಲ್, ನನಗೆ ಒಂದು ಬೇಜಾರು ಉಂಟು. ಅವರಿಗೆ ಲಿವರ್ ಕ್ಯಾನ್ಸರ್. ನಮ್ಮಲ್ಲಿಗೆ ತಿಂಗಳಿಗೊಮ್ಮೆ ಫಾದರ್ ಬಂದು ಕಾಯಿಲೆಯವರಿಗೆ ಎಣ್ಣೆ ಹಚ್ಚಿ ಪಾಪ ಕ್ಷಮಿಸುತ್ತಾರೆ. ಝೆಫ್ ಪ್ರತಿ ಸಲ "ಬೇಡ" ಅಂತಾರೆ. ಇಲ್ಲಿ ಯಾರೂ ಜೈಲಿಗೆ ಹಾಕುವುದಿಲ್ಲ ಅಲ್ವಾ? ಅದಿಲ್ಲದೆ ಅವರು ಹೋಗಿಬಿಟ್ಟರೆ ಎಂತ ಮಾಡುವುದು ಅಂತ ನನಗೆ ಹೆದರಿಕೆ. ನಿಮಗೆ ಇದು ಮೂಢನಂಬಿಕೆ ಅನ್ನಿಸಬಹುದು.

ನಾಟಕದಲ್ಲಿ ಅವರನ್ನು ತುಂಬಾ ಆಡಿಸಬೇಡಿ, ಆಯ್ತಾ.

ನಿಮ್ಮ,
ಅಪೊಲೊನಿಯಾ


ಎಪ್ಪಿಂಗ್, ಸಿಡ್ನಿ
೯ ಸೆಪ್ಟೆಂಬರ್ ೨೦೨೪

ಚಿ. ಅಪೊಲೊನಿಯಾಗೆ ವಿಜಯೀ ಸೇನಾಧಿಪತಿಯ ಆಶೀರ್ವಾದಗಳು.

ಗೆದ್ದೆವು! ಪೆಂಡಲ್ ಹಿಲ್ ಪತನವಾಯಿತು! ಹಾಲಿನಲ್ಲಿ ಕುರ್ಚಿ ಸಾಲದೆ ಜನ ಚಕ್ಕುಲಿ ತಟ್ಟೆ ಹಿಡಿದು ನಿಂತೇ ನೋಡಿದರು. ಮುಂದಿನ ಸಾಲಿನಲ್ಲಿ ಚಿನ್ನಮ್ಮ ಆಂಟಿ ನಕ್ಕ ರಭಸಕ್ಕೆ ಹಲ್ಲಿನ ಸೆಟ್ ಮಡಿಲಿಗೇ ಬಿತ್ತು. ಆ ಶಬ್ದ ಕೇಳಿ ನನಗೆ ಇನ್ನಷ್ಟು ಹುಮ್ಮಸ್ಸು ಬಂದು, ಬರೆಯದೇ ಇದ್ದ ನಾಲ್ಕು ಮಾತು ಸೇರಿಸಿದೆ. ನೀನು ಕಳಿಸಿದ ಈರುಳ್ಳಿ ಪ್ರಸಂಗಕ್ಕೆ ಶಿಳ್ಳೆ. ಮುದುಕಿಯರ ಪಾತ್ರಕ್ಕೆ ಐವರು ಗಂಡಸರು ಅನುಸೂಯಳ ಶಾಲುಗಳನ್ನು ಹೊದ್ದು ಕೂತಿದ್ದರು. ಪಾದ್ರಿ ಕೈ ಎತ್ತಿದಾಗಲೆಲ್ಲ ಎಲ್ಲರೂ ಒಟ್ಟಿಗೆ ಗೊರಕೆ ಹೊಡೆಯಬೇಕು. ಅದು ನನ್ನ ಸ್ವಂತ ಕಲ್ಪನೆ. ಮುದುಕಿಯರು ಅಷ್ಟು ಸಲ ಬಂದದ್ದು ಚಳಿಗಾಲದಲ್ಲಿ ಬೆಚ್ಚಗೆ ನಿದ್ದೆ ಮಾಡುವುದಕ್ಕೆ ಎಂದು ನಾನು ಸಂಶೋಧನೆ ಮಾಡಿದ್ದೇನೆ.

ತೀರ್ಥ ಚಿಮುಕಿಸುವ ದೃಶ್ಯದಲ್ಲಿ ನನ್ನ ಒಳಗಿದ್ದ ಸತ್ಯನಾರಾಯಣ ಪೂಜೆಯ ಭಟ್ಟರು ಹೊರಬಂದರಂತೆ. ಅನುಸೂಯಳ ವಿಮರ್ಶೆ. ಒಪ್ಪಿಕೊಂಡಿದ್ದೇನೆ.

ವೀಡಿಯೊ ಕಮಿಲ್ಲಸ್‌ನ ಫೋನಿಗೆ ಕಳಿಸಿದ್ದೇನೆ. ರಾಜ್ಯೋತ್ಸವಕ್ಕೆ ಮತ್ತೊಮ್ಮೆ ಆಡಬೇಕೆಂದು ಭಾರೀ ಒತ್ತಾಯವಿದೆ, ಆ ಒತ್ತಾಯದ ಬಹುಪಾಲು ನನ್ನದೇ. ನಿನ್ನ ಅಭಿಪ್ರಾಯ ಬರೆ. ಹೊಗಳಿಕೆಯಾದರೆ ವಿವರವಾಗಿ.

ಇತಿ,
ವೆಂಕಟರಾಮ


ಎಪ್ಪಿಂಗ್, ಸಿಡ್ನಿ
೨೬ ಸೆಪ್ಟೆಂಬರ್ ೨೦೨೪

ಚಿ. ಅಪೊಲೊನಿಯಾ,

ಕಾಗದವಿಲ್ಲ. ಕಮಿಲ್ಲಸ್ ಹೆಬ್ಬೆರಳಿನ ಚಿತ್ರವನ್ನೂ ಕಳಿಸಿಲ್ಲ. ನಾನು ವಿಚಾರಣಾ ಆಯೋಗ ನೇಮಿಸಿದ್ದೇನೆ, ಅಧ್ಯಕ್ಷನೂ ಸದಸ್ಯನೂ ನಾನೇ. ಆಯೋಗದ ತೀರ್ಮಾನ: ನಿನಗೆ ಪಾತ್ರ ಸಿಗಲಿಲ್ಲವೆಂದು ಹೊಟ್ಟೆಕಿಚ್ಚು. ಪರಿಹಾರವಾಗಿ ರಾಜ್ಯೋತ್ಸವದ ಪ್ರದರ್ಶನದಲ್ಲಿ ನಿನಗಾಗಿ ಪಾದ್ರಿಯ ತಾಯಿಯ ಪಾತ್ರ ಸೃಷ್ಟಿಸುತ್ತಿದ್ದೇನೆ. ಮಗನಿಗೆ ಸೌಟಿನಲ್ಲಿ ಹೊಡೆಯುವ ದೃಶ್ಯವಿದೆ. ಬರುತ್ತೀ ತಾನೆ?

ವೆಂಕಟರಾಮ


ವೆರಿಬೀ, ಮೆಲ್ಬೋರ್ನ್
೬ ಅಕ್ಟೋಬರ್ ೨೦೨೪

ಅಂಕಲ್,

ತಾಯಿಯ ಪಾತ್ರ ಬರೆಯಬೇಡಿ. ಬರೆದಿದ್ದರೆ ಹರಿದು ಬಿಸಾಡಿ. ದಯವಿಟ್ಟು.

ಕಮಿಲ್ಲಸ್ ನನ್ನನ್ನು ಕರೆದುಕೊಂಡು ಹೋಗಲು ಬಂದವರು, ನಾನು ಬ್ಯಾಗ್ ತರುವಷ್ಟರಲ್ಲಿ ಝೆಫ್ ಪಕ್ಕ ಕೂತು ವೀಡಿಯೊ ಹಾಕಿಬಿಟ್ಟಿದ್ದರು. "ನೋಡಿ, ಸಿಡ್ನಿಯಲ್ಲಿ ನಿಮ್ಮ ಮೇಲೆ ಡ್ರಾಮಾ ಆಯ್ತು!" ಅಂತ ಭಾರೀ ಪ್ರೀತಿಯಿಂದ. ನಾನು ಬಾಗಿಲಲ್ಲೇ ನಿಂತೆ. ಝೆಫ್‌ಗೆ ಒಂದು ಅಕ್ಷರ ಕನ್ನಡ ಗೊತ್ತಿಲ್ಲ. ಆದರೆ ಕೊನೆವರೆಗೂ ನೋಡಿದರು, ಕಣ್ಣು ಮಿಟುಕಿಸದೆ. ಸಿಟ್ಟು ಬರಲಿಲ್ಲ. ನನ್ನನ್ನು ಹತ್ತಿರ ಕರೆದು, "ನಿನ್ನ ಡಾಕ್ಟರಿಗೆ ಹೇಳು" ಅಂದರು.

ಶಿಲುಬೆ ಗುರುತನ್ನು ನೀವು ಎಡಗೈಯಲ್ಲಿ ಹಾಕಿದಿರಂತೆ. ನೀರು ಚಿಮುಕಿಸುವುದು ಕೋಳಿಗೆ ಕಾಳು ಹಾಕಿದ ಹಾಗೆ ಆಯ್ತಂತೆ. ಇಷ್ಟು ಹೇಳಿ ನಕ್ಕರು, ನಾನೂ ನಕ್ಕೆ. ಆಮೇಲೆ, "ಇವರು ನಗು ಬಂತಾ ಅಂತ ಮುಂದಿನ ಸಾಲನ್ನು ನೋಡ್ತಾರೆ. ನೋಡಬಾರದು. ನೋಡಿದರೆ ಮುಂದಕ್ಕೆ ಆಡುವುದಕ್ಕೆ ಆಗುವುದಿಲ್ಲ" ಅಂದರು. ಯಾಕೆ ಅಂತ ಕೇಳಿದೆ. ಆವತ್ತು ಅವರು ಟೀವಿ ಕಡೆ ತಿರುಗಲಿಲ್ಲ.

ಅಂಕಲ್, ಆ ಮುದುಕಿಯರು ನಿದ್ದೆಗೆ ಬಂದದ್ದಲ್ಲ. ನಗುವುದಕ್ಕೂ ಅಲ್ಲ. ಇಡೀ ದೇಶದಲ್ಲಿ ಆ ಲ್ಯಾಟಿನ್ ಮಾತು ಕಿವಿಗೆ ಬೀಳುವ ಜಾಗ ಅದೊಂದೇ. ಝೆಫ್ ಸ್ಟೇಜಿನ ಮೇಲೆ ಆಶೀರ್ವಾದಕ್ಕೆ ಕೈ ಎತ್ತಿದಾಗ ಹಿಂದಿನ ಸಾಲಿನವರೆಲ್ಲ ನಗುತ್ತಿದ್ದರು. ಮುಂದಿನ ಸಾಲಿನಲ್ಲಿ ಕಪ್ಪು ಶಾಲುಗಳು ಸ್ವಲ್ಪ ಅಲ್ಲಾಡುತ್ತಿದ್ದವಂತೆ. ಶಾಲಿನ ಒಳಗೆ ಕೈಗಳು ಶಿಲುಬೆ ಗುರುತು ಹಾಕುತ್ತಿದ್ದವು. ಅದು ಕಾಣಿಸುವುದು ಸ್ಟೇಜಿನ ಮೇಲೆ ನಿಂತವರಿಗೆ ಮಾತ್ರ. ಅವರಲ್ಲಿ ಒಬ್ಬರು ಝೆಫ್‌ನ ಅಮ್ಮ, ಪ್ರೆಂಡಾ. ಮನೆಯಲ್ಲಿ ಅಮ್ಮ ಮಗ ಅದರ ಬಗ್ಗೆ ಒಂದು ಮಾತೂ ಆಡಿದ್ದಿಲ್ಲ. ಗೋಡೆಗೆ ಕಿವಿ ಇದ್ದ ಕಾಲ.

ಎಪ್ಪತ್ತೊಂದರ ಚಳಿಗಾಲದಲ್ಲಿ ಅಮ್ಮ ಹಾಸಿಗೆ ಹಿಡಿದರು. ಕಣ್ಣಿಗೆ ಪೊರೆ, ಏನೂ ಕಾಣಿಸುತ್ತಿರಲಿಲ್ಲ. ಸಾಯುವ ಮೊದಲು ಒಬ್ಬ ಫಾದರ್ ಬೇಕು ಅಂತ ಒಂದೇ ಹಠ. ಎಲ್ಲಿಂದ ತರುವುದು? ಇದ್ದವರೆಲ್ಲ ಜೈಲಿನಲ್ಲಿ, ಇಲ್ಲ ಮಣ್ಣಿನಲ್ಲಿ. ಝೆಫ್ ಕಂಪನಿಯಿಂದ ಪಾದ್ರಿಯ ನಿಲುವಂಗಿಯನ್ನು ಕೋಟಿನೊಳಗೆ ಸುತ್ತಿ ತಂದರು. ಅದನ್ನು ಹಾಕಿಕೊಂಡು, ಸ್ಟೇಜಿನ ದನಿಯಲ್ಲಿ ಮಾತಾಡಿ, ಹೆತ್ತ ತಾಯಿಯ ಪಾಪನಿವೇದನೆ ಕೇಳಿದರು. ಕ್ಷಮೆಯ ಮಾತು ಹೇಳಿದರು. ಮರುದಿನ ಅಮ್ಮ ಹೋದರು.

ಅಮ್ಮ ಎಂತ ಹೇಳಿದರು ಅಂತ ನಾನು ಕೇಳಲಿಲ್ಲ. ಆದರೂ ಅವರೇ ಹೇಳಿದರು, "ಅದು ಹೇಳುವಂಥದ್ದಲ್ಲ." ಯಾರೋ ಸಹನಟ ನಿಲುವಂಗಿ ಹೊರಗೆ ಹೋದದ್ದನ್ನು ನೋಡಿ ದೂರು ಬರೆದು ಗೋಡೆಗೆ ಅಂಟಿಸಿದ. ಅಂಥ ಕಾಗದಕ್ಕೆ ಅಲ್ಲಿ ಸಿಡಿಲಿನ ಹಾಳೆ ಅನ್ನುತ್ತಿದ್ದರಂತೆ. ಎಲ್ಲರ ಎದುರು ನಿಲ್ಲಿಸಿ ಕೇಳಿದರು, ಆಮೇಲೆ ಪೊಲೀಸರು ಕೇಳಿದರು. ಕಾಲರ್ ಹೊಲಿಯಲು ಒಯ್ದಿದ್ದೆ ಅಂತ ಒಂದೇ ಮಾತು ಹಿಡಿದು ಕೂತರು. ಜನರ ಆಸ್ತಿಯ ಬಗ್ಗೆ ಅಜಾಗರೂಕತೆ ಅಂತ ತಾಮ್ರದ ಗಣಿಗೆ ಹಾಕಿದರು. ಒಂದು ಸಿನಿಮಾದಲ್ಲಿ ಅವರ ಪಾದ್ರಿಯ ಪಾತ್ರ ಉಂಟು, ಹೆಸರು ತೆಗೆದು ಮುಖ ಇಟ್ಟುಕೊಂಡರು. ಗಣಿಯಿಂದ ಬಂದ ಮೇಲೆ ಕಂಪನಿಯಲ್ಲಿ ಪರದೆ ಎಳೆಯುವ ಕೆಲಸ.

ಯೋಚಿಸಿ ಅಂಕಲ್. ಕೇಳಿದ ಪಾಪಗಳನ್ನು ಫಾದರ್ ಯಾರಿಗೂ ಹೇಳಬಾರದು ಅಂತ ನಮ್ಮಲ್ಲಿ ನಿಯಮ. ಪಾದ್ರಿಯೇ ಅಲ್ಲದ ಮನುಷ್ಯ, ಪಾಪನಿವೇದನೆಯ ಗುಟ್ಟನ್ನು ಐವತ್ತು ವರ್ಷದಿಂದ ಕಾದಿದ್ದಾರೆ.

ಒಂದೇ ಸಂಶಯ ಅವರನ್ನು ತಿನ್ನುತ್ತಾ ಉಂಟು. ಅವರ ಊರಿನಲ್ಲಿ ಫಾದರ್ ಎದ್ದು ಹೊರಡುವಾಗ ಕೈಗೆ ಮುತ್ತಿಡಬೇಕು. ಅಮ್ಮ ಇಡಲಿಲ್ಲ. "ನಾನೇ ಅಂತ ಗೊತ್ತಾಯ್ತೋ, ಇಲ್ಲ ತಲೆ ಎತ್ತಲು ಆಗಲಿಲ್ಲವೋ" ಅಂತ ನನ್ನನ್ನು ಕೇಳ್ತಾರೆ.

ನಾನು ಆ ಮುದುಕಿಯರ ವಿಷಯ ನಿಮಗೆ ತಮಾಷೆ ಅಂತಲೇ ಬರೆದಿದ್ದೆ. ಕ್ಯಾಥೊಲಿಕಳಾಗಿ ನನಗೇ ತಿಳಿಯಲಿಲ್ಲ, ನಿಮಗೆ ಹೇಗೆ ತಿಳಿಯಬೇಕು? ಹಾಗಾಗಿ ನಿಮ್ಮ ಮೇಲೆ ಸಿಟ್ಟಿಲ್ಲ. ಬರೆಯಲು ಇಷ್ಟು ದಿನ ಆಯಿತು, ಅಷ್ಟೆ.

ಅಪೊಲೊನಿಯಾ


ಎಪ್ಪಿಂಗ್, ಸಿಡ್ನಿ
೧೨ ಅಕ್ಟೋಬರ್ ೨೦೨೪

ಅಪೊಲೊನಿಯಾ,

ನಿನ್ನ ಕಾಗದ ಅನುಸೂಯ ಮೊದಲು ಓದಿದಳು. ಓದಿ ನನ್ನ ಮುಂದೆ ಇಟ್ಟು, ಶಾಲುಗಳನ್ನು ಬೀರುವಿನಿಂದ ತೆಗೆದು ಮತ್ತೊಮ್ಮೆ ಮಡಿಸಿಟ್ಟಳು. ಅವಳು ಏನಾದರೂ ಹೇಳಿದ್ದರೆ ಸುಲಭವಿತ್ತು.

ರಾಜ್ಯೋತ್ಸವಕ್ಕೆ ನಾಟಕ ಇಲ್ಲ. ಸಂಘದವರು ಕಾರಣ ಕೇಳಿದರು. ಮೀಸೆ ಮತ್ತೆ ಬಂದುಬಿಟ್ಟಿತು ಎಂದೆ. ನಕ್ಕರು. ನಾನು ಏನು ಹೇಳಿದರೂ ಈ ಊರಿನಲ್ಲಿ ನಗುತ್ತಾರೆ ಕಣಮ್ಮ, ಇದೊಂದು ರೋಗ, ನಾನೇ ಹರಡಿದ್ದು.

ಮುಂದಿನ ಸಾಲಿನ ಮಾತು ನಿಜ. ಚಿನ್ನಮ್ಮ ಆಂಟಿ ನಗುವುದನ್ನು ನೋಡಿಯೇ ನಾನು ಬರೆಯದ ಮಾತುಗಳನ್ನು ಸೇರಿಸಿದ್ದು. ಅವರ ಮಾಸ್ತರಿಕೆಗೆ ವಂದನೆ ತಿಳಿಸು. ಬಲಗೈಯಲ್ಲಿ ಅಭ್ಯಾಸ ಮಾಡುತ್ತಿದ್ದೇನೆ ಎಂದೂ ಹೇಳು. ಯಾಕೆ ಮಾಡುತ್ತಿದ್ದೇನೋ ಗೊತ್ತಿಲ್ಲ.

ಅವರಿಗೆ ನೋವು ಎಷ್ಟಿದೆ? ಮಾರ್ಫೀನ್ ಶುರು ಮಾಡಿದ್ದಾರೆಯೇ? ಇದನ್ನು ವೈದ್ಯನಾಗಿ ಕೇಳುತ್ತಿದ್ದೇನೆ.

ವೆಂಕಟರಾಮ


ವೆರಿಬೀ, ಮೆಲ್ಬೋರ್ನ್
೨೭ ಅಕ್ಟೋಬರ್ ೨೦೨೪

ಅಂಕಲ್‌ಗೆ ನಮಸ್ಕಾರ.

ಮಾರ್ಫೀನ್ ಶುರುವಾಗಿ ಎರಡು ವಾರ ಆಯ್ತು. ನಿಮ್ಮ ಕಾಗದ ಬಂದಾಗಲೇ ಫೋನ್ ಮಾಡಿ ಹೇಳಬಹುದಿತ್ತು. ಹೇಳಿದರೆ ಇನ್ನೊಂದನ್ನೂ ಹೇಳಬೇಕಾಗುತ್ತಿತ್ತು, ಅದಕ್ಕೆ ಹೇಳಲಿಲ್ಲ.

ಫಾದರ್ ಮತ್ತೆ ಬಂದಿದ್ದರು. ಝೆಫ್ ಮತ್ತೆ ಬೇಡ ಅಂದರು. ನಾನು ಹೊರಗೆ ಹೋಗಿ ಅತ್ತು, ವಾಪಸ್ ಬಂದು ಜಗಳವನ್ನೇ ಮಾಡಿದೆ. "ಝೆಫ್, ನಿಮಗೆ ದೇವರ ಮೇಲೆ ಎಂತ ಸಿಟ್ಟು?" ಅವರು ಹೇಳಿದರು, "ಸಿಟ್ಟಿಲ್ಲ ಮಗಳೇ. ಈಗ ನಿಜವಾದ ಪಾದ್ರಿಯ ಕೈಯಿಂದ ನಾನು ತಗೊಂಡರೆ, ಅಮ್ಮನಿಗೆ ನಾನು ಕೊಟ್ಟದ್ದು ಸುಳ್ಳು ಅಂತ ನಾನೇ ಒಪ್ಪಿಕೊಂಡ ಹಾಗೆ. ನನಗೆ ನಿಜದ್ದು, ಅವಳಿಗೆ ನಾಟಕದ್ದಾ? ಅವಳಿಗೆ ಸಿಕ್ಕಿದ್ದೇ ನನಗೂ ಸಾಕು."

ಆಮೇಲೆ ಕೇಳಿದರು, "ಆ ಡಾಕ್ಟರ್ ಬರ್ತಾರಾ?"

ನೀವು ಪಾದ್ರಿಯ ವೇಷದಲ್ಲಿ ಬರಬೇಕಂತೆ. ಅವರು ಅಮ್ಮನಿಗೆ ಹೇಳಿದ್ದನ್ನೇ ನೀವು ಅವರಿಗೆ ಹೇಳಬೇಕಂತೆ. ನಟನೇ ಆಗಬೇಕು, ಫಾದರ್ ಆಗಬಾರದು. "ಕೆಟ್ಟ ನಟ, ಆದರೂ ಪರವಾಗಿಲ್ಲ" ಅಂದರು. ಕ್ಷಮಿಸಿ, ಅವರು ಹೇಳಿದ ಹಾಗೇ ಬರೆದೆ.

ಇದು ನಮ್ಮಲ್ಲಿ ದೊಡ್ಡ ತಪ್ಪು ಅಂಕಲ್. ಪಾದ್ರಿಯಲ್ಲದವರು ಪಾಪ ಕ್ಷಮಿಸುವ ಮಾತು ಹೇಳಬಾರದು. ಹೇಳಿಸಲೂ ಬಾರದು. ನನ್ನ ಅಜ್ಜಿ ಬದುಕಿದ್ದರೆ ಈ ಪತ್ರ ಬರೆದದ್ದಕ್ಕೇ ಬೆತ್ತ ತಗೊಳ್ಳುತ್ತಿದ್ದರು. ಹನ್ನೆರಡು ದಿನ ಇದನ್ನು ಹೊಟ್ಟೆಯಲ್ಲಿಟ್ಟುಕೊಂಡೆ, ಅಷ್ಟರಲ್ಲಿ ಅವರು ಮನಸ್ಸು ಬದಲಾಯಿಸಲಿ ಅಂತ. ಬದಲಾಯಿಸಲಿಲ್ಲ. ದಿನಾ ಬಾಗಿಲು ನೋಡ್ತಾರೆ.

ಬನ್ನಿ ಅಂತ ನಾನು ಹೇಳುವುದಿಲ್ಲ. ಬರಬೇಡಿ ಅಂತಲೂ ಬರೆಯಲು ಕೈ ಬರುತ್ತಿಲ್ಲ. ಆ ಲ್ಯಾಟಿನ್ ಮಾತುಗಳನ್ನು ಅವರು ಹೇಳಿದ ಹಾಗೆ ಕನ್ನಡ ಅಕ್ಷರದಲ್ಲಿ ಚೀಟಿಯಲ್ಲಿ ಬರೆದು ಇದರ ಜೊತೆ ಇಟ್ಟಿದ್ದೇನೆ. ನಿನ್ನ ಪಾಪಗಳನ್ನು ನಾನು ಕ್ಷಮಿಸುತ್ತೇನೆ ಅಂತ ಅರ್ಥ.

ಅಪೊಲೊನಿಯಾ


ಎಪ್ಪಿಂಗ್, ಸಿಡ್ನಿ
೩೦ ಅಕ್ಟೋಬರ್ ೨೦೨೪

ಚಿ. ಅಪೊಲೊನಿಯಾ,

ಶನಿವಾರ ಬೆಳಿಗ್ಗೆಯ ಫ್ಲೈಟ್. ಮೀಸೆ ಚಿಗುರಿತ್ತು, ಮತ್ತೆ ತೆಗೆದೆ, ಈ ಸಲ ಘೋಷಣೆ ಇಲ್ಲ. ನೀನು ಒಳಗೆ ಬರಬೇಕಾಗಿಲ್ಲ. ತಪ್ಪು ಏನಿದ್ದರೂ ನನ್ನ ಲೆಕ್ಕಕ್ಕೆ ಹೋಗಲಿ. ನಿಮ್ಮ ಸ್ವರ್ಗದಲ್ಲಿ ನನಗೆ ಹೇಗೂ ಬುಕಿಂಗ್ ಇಲ್ಲ.

ವೆಂಕಟರಾಮ


ವೆರಿಬೀ, ಮೆಲ್ಬೋರ್ನ್
೧೦ ನವೆಂಬರ್ ೨೦೨೪

ಅಂಕಲ್‌ಗೆ ನಮಸ್ಕಾರ.

ನೀವು ಹೋದ ಮೂರನೇ ದಿನ ಝೆಫ್ ಹೋದರು. ಫೋನಿನಲ್ಲಿ ಹೇಳಿದಾಗ ನೀವು ಫೋನನ್ನು ಅನುಸೂಯ ಆಂಟಿಗೆ ಕೊಟ್ಟಿರಿ. ಕೊನೆಯ ದಿನಗಳಲ್ಲಿ ಅವರು ಬಾಗಿಲ ಕಡೆ ನೋಡಲಿಲ್ಲ. ಅಣ್ಣನ ಮಗಳು ಪರ್ತ್‌ನಿಂದ ಬಂದು ಮಣ್ಣು ಮಾಡಿದರು. ಆರು ಮಂದಿ ಇದ್ದೆವು.

ಆವತ್ತು ನಾನು ಒಳಗೆ ಬರುವುದಿಲ್ಲ ಅಂತ ಕಾರಿಡಾರಿನಲ್ಲೇ ನಿಂತಿದ್ದೆ, ನಿಮಗೆ ಬೆನ್ನು ಹಾಕಿ. ಆದರೆ ತಿರುಗಿ ನೋಡಿಬಿಟ್ಟೆ, ಬಾಗಿಲಿನ ಗಾಜಿನಲ್ಲಿ ಎಲ್ಲ ಕಾಣುತ್ತಿತ್ತು. ನೀವು ಕೈ ಎತ್ತಿದಿರಿ. ಬಲಗೈಯೇ. ನನ್ನ ಕೈ ತನ್ನಷ್ಟಕ್ಕೆ ಕಾರ್ಡಿಗನ್ ಒಳಗೆ ಹೋಯಿತು ಅಂಕಲ್. ಎಂತ ಮಾಡಿತು ಅಂತ ನಿಮಗೆ ಗೊತ್ತಾಗುತ್ತದೆ. ಮಾಡಿದ ಮೇಲೆ ನನಗೆ ಆ ಕಪ್ಪು ಶಾಲಿನವರ ನೆನಪಾಯಿತು.

ತಪ್ಪು ಹೊತ್ತುಕೊಂಡು ತಗೊಳ್ಳಬಾರದು ಅಂತ ಹೋದ ಭಾನುವಾರ ಚರ್ಚಿನಲ್ಲಿ ಪರಮಪ್ರಸಾದ ತಗೊಳ್ಳಲಿಲ್ಲ. ಇವತ್ತು ಹೋಗಿ ಫಾದರ್ ಹತ್ತಿರ ಎಲ್ಲ ಹೇಳಿದೆ. ಅವರು "ಆ ತಾಯಿಯ ಹೆಸರೇನು?" ಅಂತ ಮಾತ್ರ ಕೇಳಿದರು. ತಪ್ಪು ಅನ್ನಲಿಲ್ಲ, ಸರಿ ಅಂತಲೂ ಹೇಳಲಿಲ್ಲ.

ಗಾಜಿನಲ್ಲಿ ಒಂದು ಮಾತ್ರ ಅರ್ಥವಾಗಲಿಲ್ಲ. ಕ್ಷಮೆಯ ಮಾತು ಹೇಳುವಾಗ ಮೊದಲು ಝೆಫ್ ತುಟಿ ಅಲ್ಲಾಡುತ್ತಿತ್ತು, ಆಮೇಲೆ ನಿಮ್ಮದು. ಹೇಳಬೇಕಾದವರು ನೀವು ಅಲ್ವಾ? ಒಳಗೆ ಎಂತ ಆಯಿತು? ಹೇಳುವಂಥದ್ದಾದರೆ ಹೇಳಿ.

ಅಪೊಲೊನಿಯಾ


ಎಪ್ಪಿಂಗ್, ಸಿಡ್ನಿ
೧೫ ನವೆಂಬರ್ ೨೦೨೪

ಪ್ರೀತಿಯ ಅಪೊಲೊನಿಯಾ,

ಒಳಗೆ ಆದದ್ದರಲ್ಲಿ ಹೇಳುವಂಥದ್ದು ಇಷ್ಟು.

ನಾನು ಹೋದ ತಕ್ಷಣ ಅವರು ನನ್ನನ್ನು ಮೇಲಿನಿಂದ ಕೆಳಗೆ ನೋಡಿದರು, ಮಿಲಿಟರಿ ಪರೇಡಿನಲ್ಲಿ ನೋಡುವ ಹಾಗೆ. ನಿಲುವಂಗಿಯ ಗುಂಡಿಗಳನ್ನು ಒಂದು ಕಾಜ ತಪ್ಪಿಸಿ ಹಾಕಿಕೊಂಡಿದ್ದೆ. ಬ್ರಾಹ್ಮಣನಿಗೆ ಜನಿವಾರದಲ್ಲಿ ಗುಂಡಿಯಿಲ್ಲ, ಅಭ್ಯಾಸ ಎಲ್ಲಿಂದ ಬರಬೇಕು? ಎಲ್ಲ ಬಿಚ್ಚಿಸಿ ಮತ್ತೆ ಹಾಕಿಸಿದರು. ಕುರ್ಚಿಯನ್ನು ಹಾಸಿಗೆಯ ಎಡಕ್ಕೆ ಹಾಕಿಸಿದರು. "ಈಗ ಶುರು" ಎಂದರು.

ಅವರು ತಮ್ಮ ಭಾಷೆಯಲ್ಲಿ ಮಾತಾಡಿದರು. ನನಗೆ ಒಂದು ಅಕ್ಷರವೂ ತಿಳಿಯಲಿಲ್ಲ. ನಡುವೆ ಎರಡು ಸಲ ಪ್ರೆಂಡಾ ಎಂಬ ಹೆಸರು ಬಂತು. ಒಂದು ಕಡೆ ನಿಲ್ಲಿಸಿ, ನಾನು ಕೇಳುತ್ತಿದ್ದೇನೆಯೇ ಎಂದು ನೋಡಿದರು. ತಲೆಯಾಡಿಸಿದೆ. ಮೂವತ್ತು ವರ್ಷ ಜನರನ್ನು ನಿದ್ದೆಗೆ ಕಳಿಸಿದವನು ನಾನು, ನಿದ್ದೆಗೆ ಜಾರುವ ಮೊದಲು ಆ ರೋಗಿಗಳು ಏನೇನೋ ಹೇಳುತ್ತಿದ್ದರು, ಯಾವುದಕ್ಕೂ ನಾನು ಕಿವಿ ಕೊಟ್ಟಿರಲಿಲ್ಲ. ಆವತ್ತು ಕೊಟ್ಟೆ. ಏನು ಹೇಳಿದರು ಎಂದು ಅನುಸೂಯ ಕೇಳಿದಾಗ, "ಅದು ಹೇಳುವಂಥದ್ದಲ್ಲ" ಎಂದೆ. ಹೇಳಲು ನನ್ನಲ್ಲಿ ಏನೂ ಇಲ್ಲ ಎಂಬುದು ಅವಳಿಗೂ ಗೊತ್ತು. ಆದರೂ ಅವಳು ಮತ್ತೆ ಕೇಳಲಿಲ್ಲ.

ಆಮೇಲೆ ನನ್ನ ಸರದಿ. ಆ ಮುಖವನ್ನು ಅಷ್ಟು ಹತ್ತಿರದಿಂದ ನೋಡಿಕೊಂಡು ಆ ಮಾತು ಹೇಳಲು ನನ್ನಿಂದ ಆಗುತ್ತಿರಲಿಲ್ಲ. ಮುಂದಿನ ಸಾಲನ್ನು ನೋಡಬಾರದೆಂದು ಅವರೇ ಹೇಳಿದ್ದರಲ್ಲ, ನಾನು ಕನ್ನಡಕ ತೆಗೆದುಬಿಟ್ಟೆ. ಅವರ ಮುಖ ಮಸುಕಾಯಿತು, ಧೈರ್ಯ ಬಂತು. ಆದರೆ ನಿನ್ನ ಚೀಟಿಯೂ ಮಸುಕಾಯಿತು! ನಾಲ್ಕು ಪದವಿ ಪಡೆದ ತಲೆಗೆ ಇದು ಮೊದಲೇ ಹೊಳೆಯಲಿಲ್ಲ. ವಿಮಾನದಲ್ಲಿ ಬಾಯಿಪಾಠ ಮಾಡಿದ್ದೆಲ್ಲ ಹಾರಿಹೋಯಿತು. "ಎಗೋ" ಎಂದವನು ಅಲ್ಲೇ ನಿಂತೆ. ಆಗ ಕತ್ತಲಿಂದ ಬಂದ ಹಾಗೆ ಒಂದು ದನಿ, ಎಷ್ಟು ಸಣ್ಣ ದನಿ ಅಂತೀ, "ತೆ... ಆಬ್ಸೋಲ್ವೋ..." ಎಂದಿತು. ಅವರು ಒಂದೊಂದು ಮಾತು ಹೇಳಿಕೊಟ್ಟರು. ನಾನು ಒಂದೊಂದನ್ನೇ ಹೇಳಿದೆ. ಅವರ ದನಿ ಅಷ್ಟು ಹೊತ್ತೂ ನಡುಗಲಿಲ್ಲ. ನನ್ನದರ ವಿಚಾರ ಬಿಡು.

ಮುಗಿದ ಮೇಲೆ ಎದ್ದೆ. ಅವರು ನನ್ನ ಕೈ ಹಿಡಿದು ತಮ್ಮ ಬಾಯಿಯವರೆಗೆ ಎಳೆದುಕೊಂಡರು. ಅಲ್ಲೇ ನಿಲ್ಲಿಸಿದರು. ಉಸಿರು ಬೆರಳಿಗೆ ತಗುಲುತ್ತಿತ್ತು, ತುಟಿ ತಗುಲಲಿಲ್ಲ. ಹಾಗೇ ಕೈ ಬಿಟ್ಟರು. ಶಕ್ತಿ ಸಾಲಲಿಲ್ಲವೋ, ಬೇಡವೆನಿಸಿತೋ, ಇಲ್ಲ ಅಮ್ಮ ಮಾಡಿದ ಹಾಗೆಯೇ ಮಾಡಿ ನೋಡಿದರೋ, ತಿಳಿಯಲಿಲ್ಲ. ಕೇಳೋಣವೆಂದರೆ ಕಣ್ಣು ಮುಚ್ಚಿದ್ದರು. ನಾನು ಒಬ್ಬ ವೈದ್ಯ, ಹದಿಮೂರು ದಿನದಿಂದ ಅದನ್ನೇ ಯೋಚಿಸುತ್ತಿದ್ದೇನೆ, ಶಕ್ತಿಯ ಲೆಕ್ಕವನ್ನೂ ಹಾಕಿ ನೋಡಿದೆ. ಗೊತ್ತಾಗುತ್ತಿಲ್ಲ ಕಣಮ್ಮ. ಅವರು ಇದನ್ನೇ ಐವತ್ತು ವರ್ಷ ಹೊತ್ತಿದ್ದರು.

ನಿನ್ನ ಕಾರ್ಡಿಗನ್ನಿನ ವಿಷಯ ಯಾರಿಗೂ ಹೇಳುವುದಿಲ್ಲ.

ಈಗ ಒಂದು ಉಪಕಾರ. ಆ ಗಡಿಬಿಡಿಯಲ್ಲಿ ಕನ್ನಡಕವನ್ನು ಅವರ ಹಾಸಿಗೆಯ ಪಕ್ಕದ ಮೇಜಿನ ಮೇಲೆ ಬಿಟ್ಟು ಬಂದಿದ್ದೇನೆ. ಕಂದು ಫ್ರೇಮು, ಎಡಗಡೆಯ ಕಡ್ಡಿ ಸ್ವಲ್ಪ ಸಡಿಲ. ರೂಮು ಖಾಲಿ ಮಾಡಿದವರು ಅವರ ಸಾಮಾನಿನ ಜೊತೆ ಅದನ್ನೂ ಕಟ್ಟಿಟ್ಟಿರಬಹುದು, ಹುಡುಕಿ, ಒಂದು ಬಟ್ಟೆಯಲ್ಲಿ ಸುತ್ತಿ ಪೋಸ್ಟ್ ಮಾಡು. ಎಕ್ಸ್‌ಪ್ರೆಸ್ ಬೇಡ, ಸಾದಾ ಸಾಕು. ಅದು ಬರುವವರೆಗೆ ನಿನ್ನ ಕಾಗದಗಳನ್ನು ಅನುಸೂಯಳ ಕೈಯಲ್ಲಿ ಓದಿಸಬೇಕು. ಅವಳು ಎರಡು ಸಾಲು ಓದಿ ಕಣ್ಣೊರೆಸಿಕೊಳ್ಳಲು ನಿಲ್ಲಿಸಿಬಿಡುತ್ತಾಳೆ.

ಇತಿ,
ವೆಂಕಟರಾಮ